ಗೃಹಸಾಲದ ನಿಜವಾದ ವೆಚ್ಚ: ಭೀಮಾತೀರದ ಲೆಕ್ಕ

ಮನೆ ಕೊಳ್ಳಲು, ಕಟ್ಟಲು ಅಥವಾ ದುರಸ್ತಿ ಮಾಡಿಸಲು ಅದೇ ಮನೆಯನ್ನು ಅಡವಿಟ್ಟು ಪಡೆಯುವ ದೀರ್ಘಾವಧಿ ಸಾಲವೇ ಗೃಹಸಾಲ. ಪಡೆದ ಅಸಲಿನ ಮೇಲೆ ಸಾಲಗಾರ ಕೈಯಿಂದ ಹಾಕುವ ಅಷ್ಟೂ ಹಣ ಅದರ ನಿಜವಾದ ವೆಚ್ಚ: ಬಡ್ಡಿ, ಶುಲ್ಕ, ವಿಮೆ, ಕಾಗದಪತ್ರದ ಖರ್ಚು, ಕಂತು ತಪ್ಪಿದರೆ ದಂಡ. ಬ್ಯಾಂಕಿನವರು ದೊಡ್ಡಕ್ಷರದಲ್ಲಿ ಬರೆಯುವ ಶೇಕಡಾ ದರವೊಂದರಿಂದ ಈ ಮೊತ್ತ ತಿಳಿಯುವುದಿಲ್ಲ. ಸಾಲ ಎಷ್ಟು ವರ್ಷ ತಲೆಯ ಮೇಲಿರುತ್ತದೆ, ಹಣ ಯಾವ ಹೊತ್ತಿಗೆ ಬ್ಯಾಂಕು ಸೇರುತ್ತದೆ ಎಂಬ ಎರಡು ಸಂಗತಿಗಳು ದರಕ್ಕಿಂತ ಹೆಚ್ಚು ಭಾರ ಹಾಕುತ್ತವೆ.

ಕಲಬುರಗಿ ಜಿಲ್ಲೆಯ ಅಫಜಲಪುರ ತಾಲೂಕಿನ ಘತ್ತರಗಿಯಂಥ ಊರಿನಲ್ಲಿ ಈ ಎರಡನೆಯ ಸಂಗತಿ ಎದ್ದು ಕಾಣುತ್ತದೆ. ಭೀಮಾ ನದಿಯ ದಂಡೆಯ ಈ ಊರಿಗೆ ಭಾಗ್ಯವಂತಿ ದೇವಿಯ ಗುಡಿಯಿಂದ ಹೆಸರು. ಇಲ್ಲಿಯೂ ಪಕ್ಕದ ಆಳಂದ, ಜೇವರ್ಗಿ ತಾಲೂಕುಗಳಲ್ಲಿಯೂ ಮನೆತನಗಳು ನಂಬಿರುವುದು ತೊಗರಿ, ಹತ್ತಿ, ನೀರಿದ್ದಲ್ಲಿ ಕಬ್ಬು. ತೊಗರಿ ರಾಶಿಯಾಗಿ ಅಡತಿ ಅಂಗಡಿಗೆ ಹೋಗುವುದು ಡಿಸೆಂಬರ್‌ನಿಂದ ಫೆಬ್ರುವರಿಯ ನಡುವೆ. ಕಬ್ಬಿನ ಬಿಲ್ಲು 14 ದಿನದೊಳಗೆ ಪಾವತಿಯಾಗಬೇಕೆಂದು 1966ರ ಕಬ್ಬು ನಿಯಂತ್ರಣ ಆದೇಶ ಹೇಳುತ್ತದೆ. ಬಾಕಿಗಾಗಿ ನಡೆಯುವ ಧರಣಿಗಳನ್ನು ನೋಡಿದವರಿಗೆ ಆ 14 ದಿನದ ಕಥೆ ಗೊತ್ತು. ಗೃಹಸಾಲದ ಮಾಸಿಕ ಕಂತನ್ನು ರೂಪಿಸಿದ್ದು ಮಾತ್ರ ತಿಂಗಳ ಮೊದಲ ದಿನ ಪಗಾರ ಎಣಿಸುವವರಿಗಾಗಿ. ವರ್ಷಕ್ಕೊಮ್ಮೆ ಬರುವ ಗಂಟು ಹಣಕ್ಕೂ ತಿಂಗಳಿಗೊಮ್ಮೆ ಬಾಗಿಲು ಬಡಿಯುವ ಹಪ್ತಾಕ್ಕೂ ಇರುವ ಈ ತಾಳಮೇಳ ತಪ್ಪಿದ ಸಂಬಂಧವೇ ಇಲ್ಲಿಯ ಸಾಲಗಾರನ ಖರ್ಚನ್ನು ಏರಿಸುತ್ತದೆ. ಜಾಣತನದಿಂದ ನಡೆದರೆ ಅದೇ ಗಂಟು ಹಣ ಖರ್ಚನ್ನು ಇಳಿಸಲೂ ಬಲ್ಲದು.

ಕಂತಿನ ಒಳಗೆ

ಇಎಂಐ ಎಂದು ಎಲ್ಲರ ಬಾಯಲ್ಲಿರುವ ಸಮಾನ ಮಾಸಿಕ ಕಂತು ಹೊರಗಿನಿಂದ ಒಂದೇ ಮೊತ್ತ. ಒಳಗೆ ಅದು ಎರಡು ಪಾಲು. ಆ ತಿಂಗಳು ಬಾಕಿಯಿರುವ ಅಸಲಿನ ಮೇಲಿನ ಬಡ್ಡಿಯನ್ನು ಬ್ಯಾಂಕು ಮೊದಲು ಮುರಿದುಕೊಳ್ಳುತ್ತದೆ. ಉಳಿದದ್ದಷ್ಟೇ ಅಸಲಿಗೆ ಜಮೆ. ಶೇ. 9ರ ದರದಲ್ಲಿ 20 ವರ್ಷಕ್ಕೆ 10 ಲಕ್ಷ ರೂಪಾಯಿ ಪಡೆದಿದ್ದೀರಿ ಎಂದಿಟ್ಟುಕೊಳ್ಳೋಣ. ಕಂತು 8,997 ರೂಪಾಯಿ. ಮೊದಲ ತಿಂಗಳ ಬಡ್ಡಿಯೇ 7,500. ಅಸಲಿನಿಂದ ಇಳಿಯುವುದು 1,497 ರೂಪಾಯಿ ಮಾತ್ರ.

ಹೀಗೆ 5 ವರ್ಷ ಒಂದು ಕಂತೂ ತಪ್ಪದಂತೆ ಕಟ್ಟಿದವರು 5 ಲಕ್ಷ 40 ಸಾವಿರ ರೂಪಾಯಿ ಕೊಟ್ಟಿರುತ್ತಾರೆ. ಪಾಸ್‌ಬುಕ್ಕು ತೆರೆದರೆ ಬಾಕಿ ಇನ್ನೂ 8 ಲಕ್ಷ 87 ಸಾವಿರ. ಬ್ಯಾಂಕಿನವರು ಮೋಸ ಮಾಡಿದರೆಂದು ಜಗಳ ಏಳುವುದು ಸಾಮಾನ್ಯವಾಗಿ ಈ ಹಂತದಲ್ಲೇ. ಮೋಸವಿಲ್ಲ, ಲೆಕ್ಕವೇ ಹಾಗೆ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೀರುವುದು 12 ವರ್ಷ ದಾಟಿದ ಮೇಲೆ. ಅಸಲಿನ ಅರ್ಧ ತೀರುವುದು 14 ವರ್ಷಕ್ಕೆ. ಉಳಿದರ್ಧ ಕೊನೆಯ 6 ವರ್ಷಗಳಲ್ಲಿ ಸರಸರನೆ ಇಳಿಯುತ್ತದೆ. ಎಲ್ಲ ಮುಗಿದಾಗ ಕಟ್ಟಿದ ಒಟ್ಟು ಮೊತ್ತ 21 ಲಕ್ಷ 59 ಸಾವಿರ, ಅದರಲ್ಲಿ ಬಡ್ಡಿಯೇ 11 ಲಕ್ಷ 59 ಸಾವಿರ.

ಅವಧಿಯನ್ನು ಬದಲಿಸಿ ನೋಡಬೇಕು. ಅದೇ ಸಾಲ, ಅದೇ ದರ, 30 ವರ್ಷ ಎಂದರೆ ಕಂತು 8,046ಕ್ಕೆ ಇಳಿಯುತ್ತದೆ. ತಿಂಗಳಿಗೆ 951 ರೂಪಾಯಿ ಹಗುರವಾಯಿತೆಂದು ಸಮಾಧಾನ. ಒಟ್ಟು ಬಡ್ಡಿ ಮಾತ್ರ 18 ಲಕ್ಷ 97 ಸಾವಿರಕ್ಕೆ ಏರಿರುತ್ತದೆ. 15 ವರ್ಷಕ್ಕೆ ಇಳಿಸಿದರೆ ಕಂತು 10,143, ಬಡ್ಡಿ 8 ಲಕ್ಷ 26 ಸಾವಿರ. ತಿಂಗಳಿಗೆ 1,145 ರೂಪಾಯಿ ಹೆಚ್ಚಿಗೆ ತೆತ್ತವರಿಗೆ ಕೊನೆಯಲ್ಲಿ ಉಳಿಯುವುದು 3 ಲಕ್ಷ 33 ಸಾವಿರಕ್ಕೂ ಹೆಚ್ಚು. "ಹಪ್ತಾ ಎಷ್ಟು ಬೀಳ್ತದ್ರೀ?" ಎಂಬುದು ಬ್ಯಾಂಕಿನ ಮೇಜಿನ ಮುಂದೆ ಎಲ್ಲರೂ ಕೇಳುವ ಮೊದಲ ಪ್ರಶ್ನೆ. ಒಟ್ಟು ಎಷ್ಟು ಕಟ್ಟಬೇಕೆಂದು ಕೇಳುವವರು ಕಡಿಮೆ.

ಆದಾಯದ ದಾಖಲೆ ಇಲ್ಲದ ಅಂಗಡಿಕಾರರು, ಟೆಂಪೊ ಓಡಿಸುವವರು, ಹೊಲದ ಉತ್ಪನ್ನವನ್ನೇ ನಂಬಿದವರು ಬ್ಯಾಂಕಿನಿಂದ ವಾಪಸಾಗಿ ಸಣ್ಣ ಗೃಹಹಣಕಾಸು ಕಂಪನಿಗಳ ಮೊರೆ ಹೋಗುತ್ತಾರೆ. ಅಲ್ಲಿ ದರ ಶೇ. 13 ಆದರೆ ಅದೇ 10 ಲಕ್ಷಕ್ಕೆ 20 ವರ್ಷದ ಬಡ್ಡಿ 18 ಲಕ್ಷ 12 ಸಾವಿರ. ನಾಲ್ಕು ಅಂಶದ ವ್ಯತ್ಯಾಸ ಆರೂವರೆ ಲಕ್ಷವಾಗಿ ಬೆಳೆಯುತ್ತದೆ. ಮೂರು ವರ್ಷದ ಆದಾಯ ತೆರಿಗೆ ರಿಟರ್ನ್ ಸಲ್ಲಿಸಿ, ಖಾತೆಯಲ್ಲಿ ವಹಿವಾಟು ತೋರಿಸಿದ ಮೇಲೆ ಸಾಲಕ್ಕೆ ಹೋದರೆ ಬ್ಯಾಂಕಿನ ಬಾಗಿಲು ತೆರೆಯುವ ಸಾಧ್ಯತೆ ಹೆಚ್ಚು. ಅಷ್ಟು ಕಾಯುವ ತಾಳ್ಮೆಗೆ ಇಷ್ಟು ಬೆಲೆಯಿದೆ.

ಇನ್ನೊಂದು ಬಲೆ ಫ್ಲ್ಯಾಟ್ ದರದ್ದು. ಮನೆ ದುರಸ್ತಿಗೆಂದು 1 ಲಕ್ಷ ರೂಪಾಯಿಯನ್ನು 5 ವರ್ಷಕ್ಕೆ "ಶೇ. 10 ಫ್ಲ್ಯಾಟ್" ಎಂದು ಕೊಟ್ಟರೆ ಬಡ್ಡಿ 50 ಸಾವಿರ, ಕಂತು 2,500. ಅಸಲು ತಿಂಗಳು ತಿಂಗಳು ಇಳಿಯುತ್ತಿದ್ದರೂ ಬಡ್ಡಿ ಪೂರ್ತಿ ಲಕ್ಷದ ಮೇಲೇ ಬೀಳುತ್ತಿರುತ್ತದೆ. ಇಳಿಯುವ ಬಾಕಿಯ ಲೆಕ್ಕದಲ್ಲಿ ಇದರ ನಿಜವಾದ ದರ ಶೇ. 17 ದಾಟುತ್ತದೆ. ಊರೊಳಗಿನ ಸಾಹುಕಾರನ ಸೇಕಡಾ ಎರಡು, ಸೇಕಡಾ ಮೂರು ಎಂಬ ಮಾತೂ ತಿಂಗಳ ಲೆಕ್ಕದ್ದು, ವರ್ಷಕ್ಕೆ ಶೇ. 24, ಶೇ. 36.

ರಾಶಿಯ ಹಣವನ್ನು ಏನು ಮಾಡಬೇಕು

ಅವಧಿಗೆ ಮೊದಲೇ ಕಟ್ಟುವ ಹಣ ನೇರವಾಗಿ ಅಸಲಿಗೆ ಹೋಗುತ್ತದೆ. ಆ ಅಸಲಿನ ಮೇಲೆ ಮುಂದಿನ ಎಲ್ಲ ವರ್ಷಗಳಲ್ಲಿ ಬೀಳಬೇಕಿದ್ದ ಬಡ್ಡಿ ಅಲ್ಲಿಗೆ ಸಾಯುತ್ತದೆ. ಆದ್ದರಿಂದ ಎಷ್ಟು ಕಟ್ಟಿದೆವು ಎಂಬುದರಷ್ಟೇ ಯಾವಾಗ ಕಟ್ಟಿದೆವು ಎಂಬುದೂ ಮುಖ್ಯ. ಮೇಲಿನ ಸಾಲದಲ್ಲಿ ಮೊದಲ ವರ್ಷದ ಕೊನೆಗೆ 1 ಲಕ್ಷ ರೂಪಾಯಿ ಹೆಚ್ಚಿಗೆ ಕಟ್ಟಿದರೆ ಸುಮಾರು 50 ಕಂತುಗಳು ಕಡಿಮೆಯಾಗಿ, 3 ಲಕ್ಷ 54 ಸಾವಿರ ರೂಪಾಯಿ ಬಡ್ಡಿ ಉಳಿಯುತ್ತದೆ. ಅದೇ ಲಕ್ಷವನ್ನು 15 ವರ್ಷ ಕಳೆದ ಮೇಲೆ ಕಟ್ಟಿದರೆ ಉಳಿಯುವುದು 48 ಸಾವಿರದ ಆಸುಪಾಸು. ಮಗಳ ಮದುವೆ ಮುಗಿಯಲಿ, ಮಗನ ಓದು ಮುಗಿಯಲಿ, ಆಮೇಲೆ ಸಾಲ ನೋಡೋಣ ಎನ್ನುವ ಹೊತ್ತಿಗೆ ಬಡ್ಡಿಯ ಬಹುಪಾಲು ಆಗಲೇ ಬ್ಯಾಂಕು ಸೇರಿರುತ್ತದೆ.

ತೊಗರಿ ಬೆಳೆಗಾರರಿಗೆ ಹೊಂದುವ ಲೆಕ್ಕ ಇನ್ನೊಂದಿದೆ. ಪ್ರತಿ ವರ್ಷ ರಾಶಿಯಾದ ಮೇಲೆ ಕಂತಿನ ಜೊತೆಗೆ 25 ಸಾವಿರ ರೂಪಾಯಿ ಅಸಲಿಗೆ ಹಾಕುತ್ತ ಹೋದರೆ 20 ವರ್ಷದ ಸಾಲ 13 ವರ್ಷದೊಳಗೆ ತೀರುತ್ತದೆ. ಹೆಚ್ಚಿಗೆ ಹಾಕಿದ್ದು ಒಟ್ಟು 3 ಲಕ್ಷ, ಉಳಿದ ಬಡ್ಡಿ ಸುಮಾರು 4 ಲಕ್ಷ 60 ಸಾವಿರ. 2025–26ರ ಬೆಂಬಲ ಬೆಲೆ ಕ್ವಿಂಟಲಿಗೆ 8,000 ರೂಪಾಯಿ. ಆ ದರದಲ್ಲಿ 25 ಸಾವಿರವೆಂದರೆ ಮೂರು ಕ್ವಿಂಟಲ್ ಮೇಲೊಂದಿಷ್ಟು ತೊಗರಿ. ಹಣ ಕಟ್ಟುವಾಗ ಒಂದು ಮಾತನ್ನು ಬರೆದು ಕೊಡಬೇಕು: ಕಂತು ಇದ್ದಷ್ಟೇ ಇರಲಿ, ಅವಧಿ ಇಳಿಸಿ ಎಂದು. ಕಂತನ್ನು ಇಳಿಸಿಕೊಂಡರೆ ಲಾಭದ ಹೆಚ್ಚಿನ ಪಾಲು ಕರಗುತ್ತದೆ. ಬದಲಾಗುವ ದರದ ಗೃಹಸಾಲಗಳಿಗೆ ಅವಧಿಪೂರ್ವ ಪಾವತಿ ದಂಡ ಹಾಕುವುದನ್ನು ರಿಸರ್ವ್ ಬ್ಯಾಂಕು 2012ರಲ್ಲೇ ಬ್ಯಾಂಕುಗಳಿಗೆ ನಿಷೇಧಿಸಿದೆ. ಸ್ಥಿರ ದರದ ಸಾಲವಾದರೆ ಕರಾರುಪತ್ರ ಓದಿ ನೋಡಬೇಕು.

ಕೆಲವು ಬ್ಯಾಂಕುಗಳು ರೈತರಿಗೆ ಸುಗ್ಗಿಗೆ ಹೊಂದುವ ಅರ್ಧವಾರ್ಷಿಕ ಅಥವಾ ವಾರ್ಷಿಕ ಕಂತನ್ನೂ ಒಪ್ಪುತ್ತವೆ. ಇದು ಅನುಕೂಲ ಹೌದು, ಪುಕ್ಕಟೆ ಅಲ್ಲ. ತಿಂಗಳಿಗೊಮ್ಮೆ ಇಳಿಯಬೇಕಾದ ಅಸಲು ವರ್ಷವಿಡೀ ಹಾಗೇ ನಿಂತು ಬಡ್ಡಿ ಹೊರುತ್ತದೆ. ಉದಾಹರಣೆಯ ಸಾಲದಲ್ಲಿ ವಾರ್ಷಿಕ ಕಂತು 1 ಲಕ್ಷ 12 ಸಾವಿರದ 534 ರೂಪಾಯಿ ಆಗಿ, 20 ವರ್ಷದಲ್ಲಿ ಮಾಸಿಕ ಕಂತಿಗಿಂತ 91 ಸಾವಿರ ಹೆಚ್ಚು ಬೀಳುತ್ತದೆ. ಆದರೂ ತಿಂಗಳ ಹಪ್ತಾ ತುಂಬಲು ಸೇಕಡಾ ಮೂರರ ಕೈಗಡ ತರುವವರಿಗೆ ವಾರ್ಷಿಕ ಕಂತೇ ಅಗ್ಗ. ಹಪ್ತಾಕ್ಕಾಗಿ ಬಂಗಾರ ಒತ್ತೆ ಇಟ್ಟವರು ಆ ಬಡ್ಡಿಯನ್ನೂ ಮನೆಯ ಖರ್ಚಿನ ಪುಟದಲ್ಲೇ ಬರೆಯಬೇಕು.

ಇನ್ನೊಂದು ಎಚ್ಚರಿಕೆ ಈ ಭಾಗಕ್ಕೆ ವಿಶೇಷವಾಗಿ ಬೇಕು. ಸಹಕಾರ ಸಂಘದ ಬೆಳೆಸಾಲ ಶೂನ್ಯ ಬಡ್ಡಿಗೆ ಸಿಗುತ್ತದೆ. 2018ರಲ್ಲಿ ರಾಜ್ಯ ಸರ್ಕಾರ ಬೆಳೆಸಾಲ ಮನ್ನಾ ಘೋಷಿಸಿದ್ದನ್ನು ಎಲ್ಲರೂ ಕಂಡಿದ್ದಾರೆ. ಗೃಹಸಾಲ ಆ ಸಾಲಿನಲ್ಲಿ ನಿಲ್ಲುವುದಿಲ್ಲ. ಮನ್ನಾ ಆದೀತೆಂದು ಕಂತು ನಿಲ್ಲಿಸಿದರೆ 90 ದಿನಕ್ಕೆ ಖಾತೆ ವಸೂಲಾಗದ ಸಾಲವಾಗುತ್ತದೆ. ಆಮೇಲೆ 2002ರ ಸರ್ಫೇಸಿ ಕಾಯ್ದೆಯ ಪ್ರಕಾರ 60 ದಿನದ ನೋಟಿಸು ಕೊಟ್ಟು, ಕೋರ್ಟಿನಲ್ಲಿ ದಾವೆ ಹೂಡದೆಯೇ ಮನೆಯನ್ನು ವಶಕ್ಕೆ ತೆಗೆದುಕೊಳ್ಳಲು ಬ್ಯಾಂಕಿಗೆ ಅಧಿಕಾರವಿದೆ. ಕೃಷಿ ಜಮೀನಿಗೆ ಆ ಕಾಯ್ದೆ ಅನ್ವಯಿಸುವುದಿಲ್ಲ. ಎನ್‌ಎ (ಕೃಷಿಯೇತರ) ಆದ ಪ್ಲಾಟಿಗೆ, ಅದರ ಮೇಲಿನ ಮನೆಗೆ ಅನ್ವಯಿಸುತ್ತದೆ.

ದರ ಏರಿಳಿದಾಗ

2019ರ ಅಕ್ಟೋಬರ್ 1ರ ನಂತರ ಬ್ಯಾಂಕುಗಳು ಕೊಟ್ಟ ಬದಲಾಗುವ ದರದ ಗೃಹಸಾಲಗಳು ಹೊರಗಿನ ಮಾನದಂಡಕ್ಕೆ, ಹೆಚ್ಚಾಗಿ ರಿಸರ್ವ್ ಬ್ಯಾಂಕಿನ ರೆಪೊ ದರಕ್ಕೆ, ಕಟ್ಟಿಕೊಂಡಿವೆ. 2020ರ ಮೇ ತಿಂಗಳಲ್ಲಿ ರೆಪೊ ಶೇ. 4ಕ್ಕೆ ಇಳಿದಿತ್ತು. 2022ರ ಮೇ ತಿಂಗಳಿಂದ ಏರತೊಡಗಿ 2023ರ ಫೆಬ್ರುವರಿಗೆ ಶೇ. 6.50 ತಲುಪಿತು. 2025ರಲ್ಲಿ ಮತ್ತೆ ಇಳಿಯಲಾರಂಭಿಸಿ ಜೂನ್ ಹೊತ್ತಿಗೆ ಶೇ. 5.50 ಆಯಿತು. ಏರಿಕೆಯ ಕಾಲದಲ್ಲಿ ಬ್ಯಾಂಕುಗಳು ಬಹುತೇಕ ಕಂತನ್ನು ಮುಟ್ಟದೆ ಅವಧಿಯನ್ನು ಹಿಗ್ಗಿಸಿದವು. ಸಾಲಗಾರನ ಖಾತೆಯಿಂದ ತಿಂಗಳಿಗೆ ಅಷ್ಟೇ ಹಣ ಹೋಗುತ್ತಿತ್ತು, ಆದ್ದರಿಂದ ಯಾರೂ ಗಾಬರಿಯಾಗಲಿಲ್ಲ. ಶೇ. 6.75ಕ್ಕೆ 10 ಲಕ್ಷ ಪಡೆದವರ 20 ವರ್ಷದ ಕಂತು 7,604 ರೂಪಾಯಿ. ದರ ಶೇ. 9.25 ಆದರೆ ಪೂರ್ತಿ 10 ಲಕ್ಷದ ಮೇಲಿನ ತಿಂಗಳ ಬಡ್ಡಿಯೇ 7,708. ಅಂದರೆ ಸಾಲ ಹೊಸದಾಗಿದ್ದಾಗ ಇಂಥ ಏರಿಕೆ ಬಂದರೆ ಕಂತು ಬಡ್ಡಿಗೂ ಸಾಲದೆ ಅಸಲೇ ಬೆಳೆಯತೊಡಗುತ್ತದೆ.

ಇದನ್ನು ತಡೆಯಲು 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕು ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹೆಚ್ಚಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ, ಒಂದು ಭಾಗ ಮೊದಲೇ ಕಟ್ಟಬೇಕೋ ಎಂದು ಆರಿಸುವ ಹಕ್ಕು ಸಾಲಗಾರನದು. ಯಾವ ಸ್ಥಿತಿಯಲ್ಲೂ ಕಂತು ಬಡ್ಡಿಗಿಂತ ಕಡಿಮೆಯಾಗಬಾರದು. ಬ್ಯಾಂಕೇ ತನ್ನ ವೆಚ್ಚ ನೋಡಿ ನಿಗದಿ ಮಾಡುವ ಹಳೆಯ ಬೇಸ್ ದರ ಅಥವಾ ಎಂಸಿಎಲ್‌ಆರ್ ಪದ್ಧತಿಯಲ್ಲೇ ಉಳಿದಿರುವ ಸಾಲಗಳಿಗೆ ರೆಪೊ ಇಳಿದ ಲಾಭ ತಡವಾಗಿ, ಅರೆಬರೆಯಾಗಿ ಸಿಗುತ್ತದೆ. ಅರ್ಜಿ ಕೊಟ್ಟು ಪದ್ಧತಿ ಬದಲಿಸಿಕೊಳ್ಳಬಹುದು.

ಬಾಗಿಲಲ್ಲೇ ತೆರುವ ಖರ್ಚು

ಮನೆಯ ಪೂರ್ತಿ ಬೆಲೆಗೆ ಸಾಲ ಸಿಗುವುದಿಲ್ಲ. 30 ಲಕ್ಷದವರೆಗಿನ ಸಾಲಕ್ಕೆ ಆಸ್ತಿ ಮೌಲ್ಯದ ಶೇ. 90 ಮಿತಿ, 75 ಲಕ್ಷದವರೆಗೆ ಶೇ. 80, ಅದರ ಮೇಲೆ ಶೇ. 75. ಉಳಿದ ಹಣ ಎಲ್ಲಿಂದ ಬರುತ್ತದೆ ಎಂಬುದನ್ನು ಯಾರೂ ಅರ್ಜಿಯಲ್ಲಿ ಬರೆಯುವುದಿಲ್ಲ. ಅದೂ ಕೈಸಾಲವಾಗಿದ್ದರೆ ನಿಜವೆಚ್ಚದ ಲೆಕ್ಕ ಬುಡಮೇಲು. ಸಂಸ್ಕರಣಾ ಶುಲ್ಕ, ಅದರ ಮೇಲೆ ಶೇ. 18 ಜಿಎಸ್‌ಟಿ, ಬ್ಯಾಂಕಿನ ವಕೀಲರ ಅಭಿಪ್ರಾಯ, ಎಂಜಿನಿಯರರ ಮೌಲ್ಯಮಾಪನ, ಹಕ್ಕುಪತ್ರ ಠೇವಣಿಯ ಮುದ್ರಾಂಕ ಶುಲ್ಕ, ನೋಂದಣಿ ಎಲ್ಲವೂ ಸಾಲ ಕೈಗೆ ಬರುವ ಮೊದಲೇ ಕಿಸೆ ಖಾಲಿ ಮಾಡುತ್ತವೆ. ಖರೀದಿಯಾದರೆ ನೋಂದಣಿ ಶುಲ್ಕವೂ ಇದೆ. ಕರ್ನಾಟಕದಲ್ಲಿ ಅದು 2025ರ ಆಗಸ್ಟ್ 31ರಿಂದ ಶೇ. 1ರಿಂದ ಶೇ. 2ಕ್ಕೆ ಏರಿತು.

ಹಳ್ಳಿಯಲ್ಲಿ ಕಾಗದದ ತೊಡಕು ಬೇರೆಯೇ. ಅಜ್ಜನ ಕಾಲದಿಂದ ಬಾಳುತ್ತಿರುವ ಮಾಳಿಗೆ ಮನೆಗೆ ತೆರಿಗೆ ರಸೀದಿ ಬಿಟ್ಟರೆ ಬೇರೆ ಪತ್ರ ಇರುವುದಿಲ್ಲ. ಗ್ರಾಮ ಪಂಚಾಯಿತಿಯ ಇ–ಸ್ವತ್ತು ತಂತ್ರಾಂಶದಲ್ಲಿ ನಮೂನೆ 9 ಮತ್ತು 11 ಸಿಗದೆ ಬ್ಯಾಂಕು ಕಡತ ಮುಟ್ಟುವುದಿಲ್ಲ. ಊರಿನ ಜಾಗಗಳನ್ನು ಡ್ರೋನ್‌ನಿಂದ ಅಳೆದು ಹಕ್ಕುಪತ್ರ ಕೊಡುವ ಸ್ವಾಮಿತ್ವ ಯೋಜನೆ 2020ರ ಏಪ್ರಿಲ್ 24ರಂದು ಆರಂಭವಾದದ್ದು ಈ ಕೊರತೆ ತುಂಬಲೆಂದೇ. ಅಣ್ಣತಮ್ಮಂದಿರ ವಾಟ್ನಿ ಬಾಯಿಮಾತಿನಲ್ಲೇ ಆಗಿದ್ದರೆ ಅದನ್ನು ನೋಂದಾಯಿಸುವ ಖರ್ಚೂ ಸೇರುತ್ತದೆ.

ಕಟ್ಟುವ ಮನೆಗೆ ಸಾಲ ಹಂತಹಂತವಾಗಿ ಬಿಡುಗಡೆ: ಬುನಾದಿಗೆ ಒಂದಿಷ್ಟು, ಲಿಂಟಲ್ ಮಟ್ಟಕ್ಕೆ ಒಂದಿಷ್ಟು, ಸ್ಲ್ಯಾಬಿಗೆ ಒಂದಿಷ್ಟು. ಅಷ್ಟರವರೆಗೆ ಕಟ್ಟುವುದು ಬರೀ ಬಡ್ಡಿ. ಅದರಿಂದ ಅಸಲು ಒಂದು ರೂಪಾಯಿಯೂ ಇಳಿಯದು. ಮಳೆಗಾಲದಲ್ಲಿ ಕೆಲಸ ನಿಂತರೆ, ಗೌಂಡಿ ಸಿಗದಿದ್ದರೆ, ಪತ್ರಾ ಹೊದಿಸಿದ ಬಾಡಿಗೆ ಕೋಣೆಯ ಬಾಡಿಗೆಯೂ ಈ ಬಡ್ಡಿಯೂ ಒಟ್ಟಿಗೇ ಓಡುತ್ತವೆ. ಹಣ ಕೈಸೇರುವ ಮೊದಲೇ, ಮಂಜೂರಾದ ದಿನದಿಂದಲೇ ಬಡ್ಡಿ ಹಾಕುವ ಅಭ್ಯಾಸ ಕೆಲವೆಡೆ ಇತ್ತು. 2024ರ ಏಪ್ರಿಲ್ 29ರ ಸೂಚನೆಯಲ್ಲಿ ರಿಸರ್ವ್ ಬ್ಯಾಂಕು ಅದನ್ನು ಅನ್ಯಾಯವೆಂದು ಕರೆದು, ಹೆಚ್ಚಿಗೆ ಪಡೆದದ್ದನ್ನು ಹಿಂದಿರುಗಿಸಲು ಹೇಳಿತು.

ಸಾಲದ ಜೊತೆ ಅಂಟಿಸುವ ಒಂಟಿ ಪ್ರೀಮಿಯಂ ಜೀವವಿಮೆಯನ್ನು ಎರಡು ಸಲ ಯೋಚಿಸಿ ಒಪ್ಪಬೇಕು. 30 ಸಾವಿರದ ಪ್ರೀಮಿಯಂ ಅಸಲಿಗೆ ಸೇರಿದರೆ 20 ವರ್ಷದಲ್ಲಿ ಅದಕ್ಕೆ ಕಟ್ಟುವುದು 64 ಸಾವಿರದ ಮೇಲೆ. ಅದಲ್ಲದೆ ಅದು ಸಾಲಗಾರನ ಜೀವದ ವಿಮೆ, ಗೋಡೆಯದಲ್ಲ. 2020ರ ಅಕ್ಟೋಬರ್‌ನಲ್ಲಿ ಭೀಮೆ ಉಕ್ಕಿ ಅಫಜಲಪುರ, ಜೇವರ್ಗಿ ತಾಲೂಕುಗಳ ನದೀತೀರದ ಊರುಗಳಿಗೆ ನುಗ್ಗಿತು; 2025ರ ಸೆಪ್ಟೆಂಬರ್‌ನಲ್ಲಿ ಘತ್ತರಗಿಯ ಭಾಗ್ಯವಂತಿ ಗುಡಿಗೂ ನೀರು ಹೊಕ್ಕಿತು. ಮನೆ ಕುಸಿದರೂ ಸಾಲ ಕುಸಿಯುವುದಿಲ್ಲ. 2021ರ ಏಪ್ರಿಲ್ 1ರಿಂದ ಎಲ್ಲ ಸಾಮಾನ್ಯ ವಿಮಾ ಕಂಪನಿಗಳೂ ಮಾರಬೇಕಾದ ಭಾರತ್ ಗೃಹ ರಕ್ಷಾ ಪಾಲಿಸಿಯಲ್ಲಿ ಪ್ರವಾಹಕ್ಕೂ ರಕ್ಷಣೆಯಿದೆ. ಹೊಳೆದಂಡೆಯಲ್ಲಿ ಮನೆ ಕಟ್ಟುವವರು ಬೇರೆ ಯಾವ ವಿಮೆ ಬಿಟ್ಟರೂ ಇದನ್ನು ಬಿಡಬಾರದು.

ಇಷ್ಟೆಲ್ಲ ಖರ್ಚನ್ನು ಒಂದೇ ಅಂಕಿಗೆ ಇಳಿಸಿ ತೋರಿಸುವ ಕಾಗದ ಈಗ ಕಡ್ಡಾಯ. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಬ್ಯಾಂಕು ಮುಖ್ಯಾಂಶಗಳ ಹೇಳಿಕೆ ಕೊಡಬೇಕು; ಅದರಲ್ಲಿ ಬಡ್ಡಿಯ ಜೊತೆ ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರ ಇರುತ್ತದೆ. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಅದು ಇರಬೇಕೆಂಬ ನಿಯಮವೂ ಇದೆ. ಕನ್ನಡದಲ್ಲಿ ಕೊಡಿ ಎಂದು ಕೇಳಲು ಸಂಕೋಚಪಡಬೇಕಿಲ್ಲ.

ಹಳೆಯ ಲೆಕ್ಕ, ಹೊಸ ಸಂಸ್ಥೆಗಳು

ಅಡವು ಸಾಲದ ಬಡ್ಡಿಗೆ ಕಟ್ಟಳೆ ಹಾಕುವ ವಿಚಾರ ಈ ನೆಲಕ್ಕೆ ಹೊಸದಲ್ಲ. ಚಾಲುಕ್ಯ ದೊರೆ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ಕಲ್ಯಾಣದಲ್ಲಿದ್ದ ವಿಜ್ಞಾನೇಶ್ವರ ಬರೆದ ಮಿತಾಕ್ಷರ, ಯಾಜ್ಞವಲ್ಕ್ಯ ಸ್ಮೃತಿಯ ವ್ಯಾಖ್ಯಾನ. ಕಲಬುರಗಿ ಜಿಲ್ಲೆಯ ಮರ್ತೂರಿನೊಂದಿಗೂ ಆತನ ಹೆಸರು ಸೇರಿಕೊಂಡಿದೆ. ಆ ಸ್ಮೃತಿ ಒತ್ತೆಯಿಟ್ಟ ಸಾಲಕ್ಕೆ ತಿಂಗಳಿಗೆ ಎಂಬತ್ತರಲ್ಲಿ ಒಂದು ಪಾಲು ಬಡ್ಡಿ ಎನ್ನುತ್ತದೆ, ಅಂದರೆ ವರ್ಷಕ್ಕೆ ಶೇ. 15. ಹಿಂದೂ ಧರ್ಮಶಾಸ್ತ್ರದ ದಾಮದುಪ್ಪಟ್ ನಿಯಮದಂತೆ ಬಾಕಿ ಬಡ್ಡಿ ಅಸಲನ್ನು ಮೀರಿ ಒಂದೇ ಸಲಕ್ಕೆ ವಸೂಲಾಗಬಾರದು. ನಮ್ಮ 20 ವರ್ಷದ ಸಾಲದಲ್ಲಿ ಬಡ್ಡಿ ಅಸಲನ್ನು ಮೀರಿತಲ್ಲ ಎಂದು ಕೇಳಬಹುದು. ಹಳೆಯ ನಿಯಮವೂ ಅದನ್ನು ತಡೆಯುತ್ತಿರಲಿಲ್ಲ. ಅದರ ಮಿತಿ ಒಂದೇ ಸಲಕ್ಕೆ ಕೂಡಿಬಿದ್ದ ಬಡ್ಡಿಗೆ, ಕಾಲಕಾಲಕ್ಕೆ ತೆತ್ತ ಬಡ್ಡಿಗಲ್ಲ. ಇಂದಂತೂ ಬ್ಯಾಂಕಿಂಗ್ ನಿಯಂತ್ರಣ ಕಾಯ್ದೆಯ 21ಎ ಕಲಮಿನಂತೆ ಬ್ಯಾಂಕಿನ ಬಡ್ಡಿ ಅತಿಯಾಯಿತೆಂಬ ಕಾರಣಕ್ಕೆ ಕೋರ್ಟು ಲೆಕ್ಕವನ್ನು ಮತ್ತೆ ತೆರೆಯುವಂತಿಲ್ಲ.

ಸಂಘಟಿತ ಗೃಹಸಾಲ ಭಾರತದಲ್ಲಿ ಬೇರುಬಿಟ್ಟದ್ದು ತಡವಾಗಿ: 1970ರಲ್ಲಿ ಹುಡ್ಕೊ, 1977ರಲ್ಲಿ ಎಚ್‌ಡಿಎಫ್‌ಸಿ, 1987ರಲ್ಲಿ ಬೆಂಗಳೂರಿನ ಕ್ಯಾನ್ ಫಿನ್ ಹೋಮ್ಸ್, 1988ರಲ್ಲಿ ರಾಷ್ಟ್ರೀಯ ವಸತಿ ಬ್ಯಾಂಕು. ಕಲಬುರಗಿಯ ಹಳ್ಳಿಗಳಿಗೆ ಹತ್ತಿರವಿದ್ದ ಕೃಷ್ಣಾ ಗ್ರಾಮೀಣ ಬ್ಯಾಂಕು 2013ರಲ್ಲಿ ಪ್ರಗತಿ ಕೃಷ್ಣಾ ಆಯಿತು, 2019ರಲ್ಲಿ ಕರ್ನಾಟಕ ಗ್ರಾಮೀಣ ಬ್ಯಾಂಕಾಯಿತು, 2025ರ ಮೇ 1ರಂದು ಧಾರವಾಡದ ವಿಕಾಸ ಗ್ರಾಮೀಣ ಬ್ಯಾಂಕನ್ನೂ ಕೂಡಿಸಿಕೊಂಡಿತು. ಪಾಸ್‌ಬುಕ್ಕಿನ ಹೊದಿಕೆ ಬದಲಾಗುತ್ತ ಹೋದರೂ ಹಳೆಯ ಕರಾರುಗಳು ಹೊಸ ಹೆಸರಿನಡಿ ಮುಂದುವರಿಯುತ್ತವೆ.

ಸರ್ಕಾರದ ನೆರವು ಊರು ಯಾವ ಗೆರೆಯೊಳಗಿದೆ ಎಂಬುದನ್ನು ಅವಲಂಬಿಸಿದೆ. 2024ರಲ್ಲಿ ಬಂದ ಪ್ರಧಾನಮಂತ್ರಿ ಆವಾಸ್ ನಗರ ಯೋಜನೆಯ ಎರಡನೆಯ ಹಂತದಲ್ಲಿ ಮೊದಲ 8 ಲಕ್ಷದ ಸಾಲಕ್ಕೆ ಶೇ. 4 ಬಡ್ಡಿ ಸಹಾಯಧನ ಉಂಟು, ಗರಿಷ್ಠ 1 ಲಕ್ಷ 80 ಸಾವಿರ. ಆಳಂದ, ಅಫಜಲಪುರ, ಜೇವರ್ಗಿ ಪಟ್ಟಣದವರಿಗೆ ಇದರ ದಾರಿ ತೆರೆದಿದೆ. ಘತ್ತರಗಿ ಗ್ರಾಮ ಪಂಚಾಯಿತಿ ವ್ಯಾಪ್ತಿಯದು. ಅಲ್ಲಿಗೆ ಗ್ರಾಮೀಣ ಆವಾಸ್ ಯೋಜನೆಯ 1 ಲಕ್ಷ 20 ಸಾವಿರದ ನೆರವು, ಬಸವ ವಸತಿಯಂಥ ರಾಜ್ಯದ ಯೋಜನೆಗಳು. ಆದಾಯ ತೆರಿಗೆ ಕಟ್ಟುವವರಿಗೆ ಹಳೆಯ ಪದ್ಧತಿಯಲ್ಲಿ ವರ್ಷಕ್ಕೆ 2 ಲಕ್ಷದವರೆಗಿನ ಬಡ್ಡಿಗೆ ವಿನಾಯಿತಿ ಇದೆ. ಕೃಷಿ ಆದಾಯಕ್ಕೆ ತೆರಿಗೆಯೇ ಇಲ್ಲದ ಕಾರಣ ರೈತನಿಗೆ ಆ ಉಳಿತಾಯವೂ ಇಲ್ಲ. ಶಿಕ್ಷಕನಿಗೂ ರೈತನಿಗೂ ಒಂದೇ ದರದ ಸಾಲ ಸಿಕ್ಕರೂ ಹಳೆಯ ಪದ್ಧತಿ ಆರಿಸಿದ ಶಿಕ್ಷಕನ ನಿಜವೆಚ್ಚ ಕಡಿಮೆ.

ಇಂದಿನ ರೂಪಾಯಿ, ನಾಳಿನ ರೂಪಾಯಿ

21 ಲಕ್ಷ 59 ಸಾವಿರ ಎಂಬ ಒಟ್ಟು ಮೊತ್ತ ಹೆದರಿಸುತ್ತದೆ, ಆದರೆ ಅದರಲ್ಲೊಂದು ಅತಿಶಯವೂ ಇದೆ. 20 ವರ್ಷದ ನಂತರದ ರೂಪಾಯಿಗೆ ಇಂದಿನ ಬೆಲೆ ಇರುವುದಿಲ್ಲ. ರಿಸರ್ವ್ ಬ್ಯಾಂಕಿನ ಗುರಿಯಾದ ಶೇ. 4ರ ಹಣದುಬ್ಬರವನ್ನೇ ಹಿಡಿದರೆ ಆ ಎಲ್ಲ ಕಂತುಗಳ ಇಂದಿನ ಬೆಲೆ ಸುಮಾರು 14 ಲಕ್ಷ 94 ಸಾವಿರ. ಪಗಾರದವರಿಗೆ ತುಟ್ಟಿಭತ್ಯೆ ಏರುತ್ತ ಕಂತು ತಾನಾಗಿ ಹಗುರವಾಗುತ್ತದೆ. ತೊಗರಿಯ ಕಥೆ ಹಾಗಲ್ಲ. 2024ರಲ್ಲಿ ಕ್ವಿಂಟಲಿಗೆ 10 ಸಾವಿರ ದಾಟಿದ್ದ ದರ 2025ರ ಆರಂಭದಲ್ಲಿ ಆ ಸಾಲಿನ ಬೆಂಬಲ ಬೆಲೆಯಾದ 7,550ರ ಕೆಳಗೂ ಇಳಿದಿತ್ತು. ಆದಾಯ ಹಣದುಬ್ಬರದ ಜೊತೆ ಏರದವನಿಗೆ ಈ ರಿಯಾಯಿತಿ ಕಾಗದದ ಮೇಲಿನದು. ಅದಕ್ಕೇ ಇಲ್ಲಿಯವರು ಒಳ್ಳೆಯ ದರ ಬಂದ ವರ್ಷದ ಆದಾಯ ನೋಡಿ ಸಾಲದ ಮೊತ್ತ ನಿರ್ಧರಿಸುವುದು ಅಪಾಯ. ಕಳೆದ ಐದು ಸುಗ್ಗಿಗಳಲ್ಲಿ ಕೆಟ್ಟದ್ದು ಯಾವುದೋ ಅದಕ್ಕೆ ಕಂತು ಹೊಂದಬೇಕು.

ಸಾಲ ತೀರಿದ ಮೇಲೆ

ಕೊನೆಯ ಕಂತು ಕಟ್ಟಿದೊಡನೆ ಮನೆ ಋಣಮುಕ್ತ ಆಗುವುದಿಲ್ಲ. ಬ್ಯಾಂಕಿನಿಂದ ಬಾಕಿಯಿಲ್ಲದ ಪತ್ರ, ಮೂಲ ಹಕ್ಕುಪತ್ರಗಳು ಬರಬೇಕು; ಉಪನೋಂದಣಿ ಕಚೇರಿಯಲ್ಲಿ ಬಿಡುಗಡೆ ಪತ್ರ ನೋಂದಾಯಿಸಿ ಋಣಭಾರ ಪತ್ರದಲ್ಲಿ ಅಡಮಾನ ತೀರಿದ್ದು ಕಾಣಿಸಬೇಕು; ಸೆರ್ಸಾಯ್ ಎಂಬ ಕೇಂದ್ರ ದಾಖಲೆಯಿಂದಲೂ ಹೆಸರು ಇಳಿಯಬೇಕು. ಸಾಲ ತೀರಿದ 30 ದಿನದೊಳಗೆ ಮೂಲ ಪತ್ರಗಳನ್ನು ಹಿಂದಿರುಗಿಸಬೇಕು, ತನ್ನ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಸಾಲಗಾರನಿಗೆ ಬ್ಯಾಂಕೇ ಪರಿಹಾರ ಕೊಡಬೇಕು ಎಂಬ ರಿಸರ್ವ್ ಬ್ಯಾಂಕಿನ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಸಾಲಗಾರ ತೀರಿಹೋಗಿದ್ದರೆ ಪತ್ರಗಳು ವಾರಸುದಾರರಿಗೆ ಹೇಗೆ ಸೇರುತ್ತವೆ ಎಂಬ ಕ್ರಮವನ್ನು ಬ್ಯಾಂಕು ಮೊದಲೇ ಪ್ರಕಟಿಸಿರಬೇಕೆಂದೂ ಅದೇ ನಿಯಮ ಹೇಳುತ್ತದೆ.